ಮನೆ ಕಟ್ಟಿ ಮರೆಯಲ್ಲಿ ನಿಂತವರು: ಬನ್ಸಿ ಚಂದ್ರಗುಪ್ತ

ಸುವರ್ಣ ಮಹೋತ್ಸವದ ಈ ಸಂಚಿಕೆಗೆ ಹಿರಿಯರೊಬ್ಬರ ಜೀವನ ಪರಿಚಯ ಬರೆಯಬೇಕು ಅಂದುಕೊಂಡಾಗ ನನ್ನ ಮನಸ್ಸಿಗೆ ಬಂದವರು ಬನ್ಸಿ ಚಂದ್ರಗುಪ್ತ. ಸರ್ ಎಂ. ವಿಶ್ವೇಶ್ವರಯ್ಯನವರ ಬಗ್ಗೆ, ಕುವೆಂಪು ಅವರ ಬಗ್ಗೆ ಬರೆಯಲು ನನಗಿಂತ ಚೆನ್ನಾಗಿ ಬಲ್ಲವರು ನಮ್ಮ ಶಾಲೆಯ ಗುರುಗಳಲ್ಲೇ ಇದ್ದಾರೆ. ಬನ್ಸಿ ಅವರದು ಸಿನಿಮಾ ಲೋಕದಲ್ಲಿ ದೊಡ್ಡ ಹೆಸರು. ನಮ್ಮ ಜಡಿಗೇನಹಳ್ಳಿ ಹೋಬಳಿಯಲ್ಲಿ ಮಾತ್ರ ಅಷ್ಟಾಗಿ ಕೇಳಿದ ಹೆಸರಲ್ಲ. ಅವರು ತೆರೆಯ ಮೇಲೆ ಕುಣಿದವರಲ್ಲ, ಹಾಡಿದವರಲ್ಲ. ಸಿನಿಮಾಗಳಿಗೆ ಮನೆ ಕಟ್ಟಿಕೊಟ್ಟವರು. ಅವರ ಕೈಯಲ್ಲಿ ಬಡವನ ಗುಡಿಸಲು, ಜಮೀನ್ದಾರನ ಸಂಗೀತದ ಹಜಾರ, ನವಾಬನ ಅರಮನೆ, ಓಡುವ ರೈಲಿನ ಬೋಗಿ ಎಲ್ಲವೂ ಎದ್ದವು, ಚಿತ್ರೀಕರಣ ಮುಗಿದ ಮೇಲೆ ಎಲ್ಲವೂ ಬಿದ್ದವು. ಉಳಿದದ್ದು ತೆರೆಯ ಮೇಲೆ ಮಾತ್ರ.

ಇದು ಎಂಥ ಕೆಲಸ ಎಂದು ನಮ್ಮೂರಿನವರಿಗೆ ತಿಳಿಸುವುದು ಕಷ್ಟವಲ್ಲ. ನಮ್ಮ ಕಡೆಯ ಹಳ್ಳಿಗಳಲ್ಲಿ ಜಾತ್ರೆಗೋ ಹಬ್ಬಕ್ಕೋ ಕುರುಕ್ಷೇತ್ರ ಆಡುವಾಗ ಬಾಡಿಗೆಗೆ ಸೀನರಿ ತರಿಸುತ್ತೇವೆ. ಲಾರಿಯಿಂದ ಸುತ್ತಿದ ಪರದೆಗಳು ಇಳಿಯುತ್ತವೆ. ಅರಮನೆ ಪರದೆ ಬಿಟ್ಟರೆ ದುರ್ಯೋಧನನ ದರ್ಬಾರು, ಕಾಡಿನ ಪರದೆ ಬಿಟ್ಟರೆ ಪಾಂಡವರ ವನವಾಸ. ಬೆಳಗಿನ ಜಾವ ಮಂಗಳ ಹಾಡಿದ ಮೇಲೆ ಕೃಷ್ಣನ ಪಾತ್ರಧಾರಿಗೆ ಹಾರ, ಹಾರ್ಮೋನಿಯಂ ಮಾಸ್ತರಿಗೆ ಶಾಲು. ಸೀನರಿಯವರು ಮಾತ್ರ ಪರದೆ ಸುತ್ತಿಕೊಂಡು ಸದ್ದಿಲ್ಲದೆ ಲಾರಿ ಹತ್ತುತ್ತಾರೆ. ಸಿನಿಮಾದಲ್ಲಿ ಈ ಕೆಲಸ ನೋಡಿಕೊಳ್ಳುವವರನ್ನು ಕಲಾ ನಿರ್ದೇಶಕ ಎನ್ನುತ್ತಾರೆ. ಈಗೀಗ ಪ್ರೊಡಕ್ಷನ್ ಡಿಸೈನರ್ ಎಂಬ ಹೆಸರೂ ಬಂದಿದೆ.

ಆದರೆ ನಾಟಕಕ್ಕೂ ಸಿನಿಮಾಕ್ಕೂ ಒಂದು ವ್ಯತ್ಯಾಸ ಇದೆ. ನಾಟಕದಲ್ಲಿ ಅದು ಪರದೆ ಎಂದು ಆಡುವವರಿಗೂ ಗೊತ್ತು, ನೋಡುವವರಿಗೂ ಗೊತ್ತು. ಗಾಳಿಗೆ ಅರಮನೆ ಅಲ್ಲಾಡಿದರೂ ಯಾರೂ ಎದ್ದು ಹೋಗುವುದಿಲ್ಲ. ಸಿನಿಮಾದಲ್ಲಿ ಕ್ಯಾಮೆರಾ ಗೋಡೆಯ ಹತ್ತಿರಕ್ಕೆ ಹೋಗುತ್ತದೆ. ಗೋಡೆ ಸುಳ್ಳು ಹೇಳಿದರೆ ಅದರ ಮುಂದೆ ಅಳುತ್ತಿರುವ ತಾಯಿಯೂ ಸುಳ್ಳಾಗಿಬಿಡುತ್ತಾಳೆ.

ನಮಗೆ ಹತ್ತಿರದ ಉದಾಹರಣೆ ರಾಮನಗರದ್ದು. 1975ರಲ್ಲಿ ತೆರೆಕಂಡ ಹಿಂದಿ ಚಿತ್ರ ‘ಶೋಲೆ’ಯ ರಾಮಗಢ ಎಂಬ ಹಳ್ಳಿ ನಕಾಶೆಯಲ್ಲಿ ಎಲ್ಲೂ ಇಲ್ಲ. ರಾಮನಗರದ ಬಂಡೆಗಳ ನಡುವೆ ಕಲಾ ನಿರ್ದೇಶಕ ರಾಮ್ ಯೇಡೇಕರ್ ಅವರು ಕಟ್ಟಿಸಿದ ಊರು ಅದು. ಗಬ್ಬರ್‌ಸಿಂಗನ ಮಾತುಗಳನ್ನು ಬಾಯಿಪಾಠ ಒಪ್ಪಿಸುವವರು ನಮ್ಮ ಊರಿನಲ್ಲಿ ಎಷ್ಟೋ ಜನ ಸಿಗುತ್ತಾರೆ. ಊರು ಕಟ್ಟಿದವರ ಹೆಸರು ಹೇಳುವವರು ಸಿಗುವುದು ಕಷ್ಟ. ಈ ಕಸುಬಿನ ಹಣೆಬರಹವೇ ಅಂಥದ್ದು. ಆ ಹಣೆಬರಹವನ್ನು ಒಪ್ಪಿಕೊಂಡು, ಭಾರತದಲ್ಲಿ ಈ ಕಸುಬಿನ ಅರ್ಥವನ್ನೇ ಬದಲಿಸಿದವರು ಬನ್ಸಿ.

ಬನ್ಸಿ ಚಂದ್ರಗುಪ್ತರು ಹುಟ್ಟಿದ್ದು 1924ರಲ್ಲಿ, ಈಗ ಪಾಕಿಸ್ತಾನದಲ್ಲಿರುವ ಸಿಯಾಲ್‌ಕೋಟ್‌ನಲ್ಲಿ. ಬೆಳೆದದ್ದು ಕಾಶ್ಮೀರದ ಶ್ರೀನಗರದಲ್ಲಿ. ಅವರ ಆಸೆ ಇದ್ದದ್ದು ಸಿನಿಮಾದ ಮೇಲಲ್ಲ, ಚಿತ್ರ ಬರೆಯುವುದರ ಮೇಲೆ. ರವೀಂದ್ರನಾಥ ಟಾಗೋರರ ಮನೆತನಕ್ಕೆ ಸೇರಿದ ಚಿತ್ರಕಾರ ಸುಭೋ ಟಾಗೋರ್ ಅವರ ಪರಿಚಯ ಕಾಶ್ಮೀರದಲ್ಲಿ ಆಯಿತು. ಅವರ ಪ್ರೋತ್ಸಾಹದಿಂದ ಈ ಹುಡುಗ 1940ರ ದಶಕದಲ್ಲಿ ಮನೆ ಬಿಟ್ಟು ಕಲ್ಕತ್ತಾ ಸೇರಿದ. ಹಿಮದ ನಾಡಿನಿಂದ ಬೆವರಿನ ನಗರಕ್ಕೆ ಬಂದದ್ದು. ಭಾಷೆ ಬೇರೆ, ಊಟ ಬೇರೆ, ಹವೆ ಬೇರೆ. ಮುಂದೆ ಬಂಗಾಳದ ಹಳ್ಳಿಮನೆಯನ್ನು ಲೋಕಕ್ಕೆ ತೋರಿಸಿದವರು ಬಂಗಾಳದಲ್ಲಿ ಹುಟ್ಟಿದವರೇ ಅಲ್ಲ ಎಂಬುದು ನನಗೆ ಬಹಳ ಮುಖ್ಯವಾದ ಸಂಗತಿಯಾಗಿ ಕಾಣುತ್ತದೆ. ತನ್ನದಲ್ಲದ ಊರನ್ನು ಅವರು ಕಣ್ಣಿಟ್ಟು ನೋಡಿ ಕಲಿಯಬೇಕಾಯಿತು. ಹುಟ್ಟಿದೂರಿನಲ್ಲಿ ನಮ್ಮ ಕಣ್ಣಿಗೆ ಬೀಳದೆ ಹೋಗುವುದು ಹೊರಗಿನಿಂದ ಬಂದವರ ಕಣ್ಣಿಗೆ ಬೀಳುತ್ತದೆ.

ಹೊಟ್ಟೆಪಾಡಿಗೆ ಸಿನಿಮಾ ಸ್ಟುಡಿಯೋಗಳಲ್ಲಿ ಸೆಟ್ ಕೆಲಸ ಹಿಡಿದರು. ಆಗಿನ ಸ್ಟುಡಿಯೋ ಸೆಟ್ಟುಗಳು ನಾಟಕದ ಸೀನರಿಗೆ ತೀರ ದೂರವೇನೂ ಇರಲಿಲ್ಲ. ಕಿಟಕಿಯ ಹೊರಗಿನ ಆಕಾಶ ಬಣ್ಣ ಬಳಿದ ಬಟ್ಟೆ. ಕಥೆಯಲ್ಲಿ ನಾಯಕ ಕಡುಬಡವ, ಆದರೆ ಅವನ ಮನೆಯ ಗೋಡೆಗೆ ನಿನ್ನೆ ತಾನೇ ಸುಣ್ಣ ಹೊಡೆದಂತೆ ಕಾಣುತ್ತಿತ್ತು. ಬನ್ಸಿ ಅವರಿಗೆ ಇದು ಒಗ್ಗಲಿಲ್ಲ.

ಅವರಂತೆಯೇ ಒಗ್ಗದ ಇನ್ನಿಬ್ಬರು ಕಲ್ಕತ್ತಾದಲ್ಲಿ ಸಿಕ್ಕರು. ಒಬ್ಬರು ಜಾಹೀರಾತು ಕಂಪನಿಯೊಂದರಲ್ಲಿ ಚಿತ್ರ ಬರೆಯುವ ನೌಕರಿಯಲ್ಲಿದ್ದ ಸತ್ಯಜಿತ್ ರೇ, ಇನ್ನೊಬ್ಬರು ಚಿದಾನಂದ ದಾಸ್‌ಗುಪ್ತ. ದೇಶಕ್ಕೆ ಸ್ವಾತಂತ್ರ್ಯ ಬಂದ 1947ರಲ್ಲೇ ಇವರೆಲ್ಲ ಸೇರಿ ಕಲ್ಕತ್ತಾ ಫಿಲ್ಮ್ ಸೊಸೈಟಿ ಕಟ್ಟಿದರು. ಬೇರೆ ದೇಶಗಳ ಒಳ್ಳೆಯ ಸಿನಿಮಾ ತರಿಸಿ ನೋಡುವುದು, ನೋಡಿದ ಮೇಲೆ ಗಂಟೆಗಟ್ಟಲೆ ಮಾತನಾಡುವುದು ಅವರ ಪಾಠಶಾಲೆ.  ಪುಣೆಯ ಫಿಲ್ಮ್ ಇನ್‌ಸ್ಟಿಟ್ಯೂಟ್ ಬಂದದ್ದು 1960ರಲ್ಲಿ.

ಇವರ ಅದೃಷ್ಟಕ್ಕೆ ದೊಡ್ಡ ಮೇಷ್ಟ್ರೊಬ್ಬರು ಊರಿಗೇ ಬಂದರು. ಫ್ರಾನ್ಸಿನ ಹೆಸರಾಂತ ನಿರ್ದೇಶಕ ಜಾನ್ ರೆನ್ವಾರ್ ಅವರು ‘ದಿ ರಿವರ್’ ಎಂಬ ಚಿತ್ರವನ್ನು ಹೂಗ್ಲಿ ನದಿಯ ದಂಡೆಯ ಬ್ಯಾರಕ್‌ಪುರದಲ್ಲಿ ತೆಗೆದರು. ಅದು ತೆರೆಕಂಡದ್ದು 1951ರಲ್ಲಿ. ಅವರ ಜೊತೆ ಬಂದಿದ್ದ ಕಲಾ ವಿನ್ಯಾಸಕ ಯೂಜೀನ್ ಲೂರಿಯೆ. ಅವರ ಕೈಕೆಳಗೆ ಕೆಲಸ ಮಾಡುವ ಅವಕಾಶ ಬನ್ಸಿ ಅವರಿಗೆ ಸಿಕ್ಕಿತು. ರೆನ್ವಾರ್ ಜಾಗ ಹುಡುಕಲು ಬಂದಾಗ ಅವರ ಜೊತೆ ಸುತ್ತಾಡಿದವರು ರೇ. ಚಿತ್ರೀಕರಣ ನೋಡುತ್ತ ನಿಂತಿದ್ದ ಇನ್ನೊಬ್ಬ ಹುಡುಗ ಸುಬ್ರತ ಮಿತ್ರ. ನಿರ್ದೇಶಕ, ಛಾಯಾಗ್ರಾಹಕ, ಕಲಾ ನಿರ್ದೇಶಕ ಎಂದು ಮುಂದೆ ಹೆಸರಾದ ಮೂವರೂ ಹೀಗೆ ಒಂದೇ ಚಿತ್ರದ ನೆರಳಿನಲ್ಲಿ ಕಲಿತರು. ಬನ್ಸಿ ಅವರಿಗೆ ಅಲ್ಲಿ ಮನದಟ್ಟಾದ ವಿಷಯ ಇದು: ಮನೆ ಎಂದರೆ ಗೋಡೆಯಲ್ಲ, ಅದರೊಳಗೆ ಬಾಳಿದವರ ಗುರುತು.

1952ರಲ್ಲಿ ರೇ ತಮ್ಮ ಮೊದಲ ಚಿತ್ರ ‘ಪಥೇರ್ ಪಾಂಚಾಲಿ’ಯನ್ನು ಶುರುಮಾಡಿದರು. ಬಿಭೂತಿಭೂಷಣ ಬಂದೋಪಾಧ್ಯಾಯರ ಕಾದಂಬರಿ. ರೇ ಅದಕ್ಕೆ ಮುಂಚೆ ಒಂದು ಚಿತ್ರವನ್ನೂ ನಿರ್ದೇಶಿಸಿರಲಿಲ್ಲ. ಇಪ್ಪತ್ತರ ಹರೆಯದ ಮಿತ್ರ ಸಿನಿಮಾ ಕ್ಯಾಮೆರಾ ನಡೆಸಿದವರಲ್ಲ. ತಂಡದಲ್ಲಿ ಸಿನಿಮಾ ಕೆಲಸದ ಅನುಭವ ಇದ್ದವರು ಬೆರಳೆಣಿಕೆ, ಅವರಲ್ಲಿ ಬನ್ಸಿ ಒಬ್ಬರು. ದುಡ್ಡಿರಲಿಲ್ಲ. ರೇ ಅವರ ಹೆಂಡತಿಯ ಒಡವೆ ಗಿರವಿಗೆ ಹೋಯಿತು. ಎಷ್ಟೋ ತಿಂಗಳು ಕೆಲಸ ನಿಂತೇಹೋಯಿತು. ಕೊನೆಗೆ ಪಶ್ಚಿಮ ಬಂಗಾಳ ಸರ್ಕಾರ ಹಣ ಕೊಟ್ಟು, ಚಿತ್ರ 1955ರಲ್ಲಿ ಬಿಡುಗಡೆಯಾಯಿತು.

ಕಥೆ ನಡೆಯುವುದು ಹಳ್ಳಿಯ ಒಬ್ಬ ಬಡ ಪುರೋಹಿತನ ಮನೆಯಲ್ಲಿ. ಅದಕ್ಕಾಗಿ ಕಲ್ಕತ್ತಾದ ಪಕ್ಕದ ಬೋರಾಲ್ ಎಂಬ ಹಳ್ಳಿಯಲ್ಲಿ ಹಾಳುಬಿದ್ದ ಮನೆಯೊಂದನ್ನು ಬಾಡಿಗೆಗೆ ಹಿಡಿದರು. ಇಲ್ಲಿ ಬನ್ಸಿ ಅವರ ಕೆಲಸ ಸಾಮಾನ್ಯವಾಗಿ ಸೆಟ್ ಹಾಕುವವರು ಮಾಡುವುದಕ್ಕೆ ತದ್ವಿರುದ್ಧ. ಹೊಸದನ್ನು ಕಟ್ಟುವುದಲ್ಲ, ಹಳೆಯದು ಹಳೆಯದಾಗಿಯೇ ಕಾಣುವಂತೆ, ಆದರೆ ಅಲ್ಲಿ ಒಂದು ಸಂಸಾರ ಇನ್ನೂ ಉಸಿರು ಹಿಡಿದುಕೊಂಡಿದೆ ಎನ್ನುವಂತೆ ಮಾಡುವುದು. ಬಿದ್ದದ್ದನ್ನು ಎಷ್ಟು ಎತ್ತಬೇಕು, ಎಷ್ಟು ಹಾಗೇ ಬಿಡಬೇಕು? ಪೂರ್ತಿ ಬಿಟ್ಟರೆ ಅದು ಪಾಳುಮನೆ, ಪೂರ್ತಿ ಎತ್ತಿದರೆ ಅದು ಅನುಕೂಲಸ್ಥರ ಮನೆ. ಇವೆರಡರ ನಡುವೆ, ಮರ್ಯಾದೆಯಿಂದ ಬಡತನ ತಡೆದುಕೊಂಡವರ ಮನೆ ಇರುತ್ತದೆ. ಆ ಸನ್ನ ಗೆರೆಯ ಮೇಲೆ ಅವರು ನಿಂತರು.

ಇನ್ನೊಂದು ತೊಡಕೂ ಇತ್ತು. ಹಗಲಿನ ದೃಶ್ಯಗಳು ಬೋರಾಲ್‌ನಲ್ಲಿ, ರಾತ್ರಿ ಮನೆಯೊಳಗಿನ ದೃಶ್ಯಗಳು ಸ್ಟುಡಿಯೋದಲ್ಲಿ. ತಾಯಿ ಅಂಗಳದಿಂದ ಬಾಗಿಲು ದಾಟಿ ಒಳಗೆ ಬಂದರೆ ಹೊರಗಿನ ಹೆಜ್ಜೆ ಹಳ್ಳಿಯದು, ಒಳಗಿನ ಹೆಜ್ಜೆ ಸ್ಟುಡಿಯೋದ್ದು ಆಗಬಹುದು. ಬಾಗಿಲ ಚೌಕಟ್ಟಿನ ಸೀಳು, ಗೋಡೆಯ ಕಲೆ, ಹೊಸ್ತಿಲಿನ ಸವೆತ ಎರಡೂ ಕಡೆ ಒಂದೇ ಆಗಿರಬೇಕು. ಚಿತ್ರೀಕರಣ ವರ್ಷಗಟ್ಟಲೆ ಎಳೆದದ್ದರಿಂದ ಮಳೆ ಬಿಸಿಲಿಗೆ ಮನೆ ಬದಲಾಗದಂತೆಯೂ ನೋಡಿಕೊಳ್ಳಬೇಕು. ಚಿತ್ರದಲ್ಲಿ ಬಿರುಗಾಳಿಯ ರಾತ್ರಿ ಒಂದು ಬರುತ್ತದೆ. ಜ್ವರದಲ್ಲಿ ಮಲಗಿದ ಮಗಳು ದುರ್ಗಾ, ಮುರುಕು ಬಾಗಿಲನ್ನು ಗಾಳಿ ನೂಕುತ್ತಿರುತ್ತದೆ, ತಾಯಿ ಒಬ್ಬಳೇ ಕಾವಲು. ಆ ದೃಶ್ಯ ನೋಡುವಾಗ ನಮಗೆ ಬಾಗಿಲು ಬೀಳುತ್ತದೆಯೋ ಎಂಬ ಭಯ. ಬಾಗಿಲು ಮಾಡಿಸಿದವರು ಯಾರು ಎಂಬ ಯೋಚನೆ ಬರುವುದೇ ಇಲ್ಲ. ಆ ಯೋಚನೆ ಬಾರದಂತೆ ಮಾಡಿದ್ದೇ ಬನ್ಸಿ ಅವರ ಗೆಲುವು. 1956ರಲ್ಲಿ ಕಾನ್ ಚಿತ್ರೋತ್ಸವದಲ್ಲಿ ಆ ಚಿತ್ರಕ್ಕೆ ಮಾನವೀಯತೆಯ ಅತ್ಯುತ್ತಮ ದಾಖಲೆ ಎಂಬ ಗೌರವ ಸಿಕ್ಕಿತು.

ಮುಂದಿನ ಚಿತ್ರ 1956ರ ‘ಅಪರಾಜಿತೊ’. ಕಥೆ ಕಾಶಿಗೆ ಹೋಗುತ್ತದೆ. ಕಾಶಿಯ ಹಳೆಯ ಮನೆಗಳಲ್ಲಿ ನಾಲ್ಕೂ ಕಡೆ ಎತ್ತರದ ಗೋಡೆ, ನಡುವೆ ನಮ್ಮ ತೊಟ್ಟಿಮನೆಯಂತೆ ಬಯಲು. ಆಕಾಶದಿಂದ ಇಳಿಯುವ ಬೆಳಕಿಗೆ ಅಲ್ಲಿ ಗಟ್ಟಿ ನೆರಳು ಬೀಳುವುದಿಲ್ಲ. ಬನ್ಸಿ ಅಂಥ ಮನೆಯನ್ನು ಕಲ್ಕತ್ತಾದ ಸ್ಟುಡಿಯೋದಲ್ಲಿ ಕಟ್ಟಿದರು. ಸ್ಟುಡಿಯೋದ ದೀಪಗಳನ್ನು ನೇರವಾಗಿ ಹಾಕಿದರೆ ಒಬ್ಬೊಬ್ಬರಿಗೆ ಎರಡೆರಡು ನೆರಳು, ಅಲ್ಲಿಗೆ ಗುಟ್ಟು ರಟ್ಟು. ಆಗ ಸುಬ್ರತ ಮಿತ್ರ ಸೆಟ್ಟಿನ ಮೇಲೆ ಬಿಳಿ ಬಟ್ಟೆ ಬಿಗಿಸಿ, ದೀಪಗಳನ್ನು ಕೆಳಗಿನಿಂದ ಆ ಬಟ್ಟೆಗೆ ಹಾಯಿಸಿ, ಅಲ್ಲಿಂದ ಮರಳಿ ಬೀಳುವ ಮೆತ್ತನೆಯ ಬೆಳಕಿನಲ್ಲಿ ಚಿತ್ರೀಕರಿಸಿದರು. ಇದು ಜಗತ್ತಿನ ಸಿನಿಮಾ ಬೆಳಕಿನ ಚರಿತ್ರೆಯಲ್ಲಿ ಹೆಸರಾದ ಉಪಾಯ. ಒಬ್ಬರು ಕಾಶಿಯ ಗೋಡೆ ತಂದರು, ಇನ್ನೊಬ್ಬರು ಕಾಶಿಯ ಆಕಾಶ ತಂದರು. ಗೋಡೆ ನಿಜವಾಗಿದ್ದದ್ದರಿಂದಲೇ ಆಕಾಶವೂ ನಿಜವಾಗಬೇಕಾಯಿತು. ಒಬ್ಬರ ಕೆಲಸ ಚೆನ್ನಾಗಿದ್ದರೆ ಪಕ್ಕದವರ ಕೆಲಸವೂ ಮೇಲೇಳುತ್ತದೆ ಎಂಬುದಕ್ಕೆ ಇದಕ್ಕಿಂತ ಒಳ್ಳೆಯ ಉದಾಹರಣೆ ನನಗೆ ಗೊತ್ತಿಲ್ಲ. 1957ರಲ್ಲಿ ವೆನಿಸ್ ಚಿತ್ರೋತ್ಸವದ ದೊಡ್ಡ ಪ್ರಶಸ್ತಿ ಚಿನ್ನದ ಸಿಂಹ ಈ ಚಿತ್ರಕ್ಕೆ ಬಂತು.

1958ರ ‘ಜಲಸಾಘರ್’ನಲ್ಲಿ ಬಡವರ ಮನೆ ಬಿಟ್ಟು ಜಮೀನ್ದಾರನ ಮನೆಗೆ ಬಂದರು. ಆಸ್ತಿಯೆಲ್ಲ ಕರಗಿಹೋದರೂ ಸಂಗೀತದ ಕಚೇರಿ ನಡೆಸುವ ಗೀಳು ಬಿಡದ ಒಬ್ಬ ಜಮೀನ್ದಾರನ ಕಥೆ. ಮನೆಯ ಹೊರಭಾಗ ಮುರ್ಶಿದಾಬಾದ್ ಜಿಲ್ಲೆಯ ನಿಮ್‌ತಿತಾ ಎಂಬಲ್ಲಿ ನದಿ ದಂಡೆಯ ನಿಜವಾದ ಅರಮನೆ. ಕಥೆಯ ಪ್ರಾಣವಾದ ಸಂಗೀತದ ಹಜಾರ ಮಾತ್ರ ಸ್ಟುಡಿಯೋದಲ್ಲಿ ಬನ್ಸಿ ಕಟ್ಟಿದ್ದು. ತೂಗುದೀಪ, ದೊಡ್ಡ ಕನ್ನಡಿ, ಹಿರಿಯರ ಭಾವಚಿತ್ರಗಳು ಇವೆಲ್ಲ ಅಲಂಕಾರಕ್ಕೆ ಇಟ್ಟವಲ್ಲ. ಒಂದೊಂದೂ ಆ ಮನುಷ್ಯನ ಸೊಕ್ಕು ಮತ್ತು ಸೋಲನ್ನು ಹೇಳುತ್ತದೆ. ಚಿತ್ರದ ಕೊನೆಯಲ್ಲಿ ದೀಪಗಳು ಒಂದೊಂದಾಗಿ ಆರುವಾಗ ಹಜಾರವೇ ಒಂದು ಪಾತ್ರವಾಗಿಬಿಡುತ್ತದೆ.

1963ರ ‘ಮಹಾನಗರ್’ನಲ್ಲಿ ಕಲ್ಕತ್ತಾದ ಮಧ್ಯಮ ವರ್ಗದ ಇಕ್ಕಟ್ಟಿನ ಮನೆ. ಮಾವ, ಅತ್ತೆ, ಗಂಡ, ನಾದಿನಿ, ಮಗು ಎಲ್ಲ ಒಬ್ಬರಿಗೊಬ್ಬರು ತಗುಲಿಕೊಂಡೇ ಓಡಾಡಬೇಕು. ಸಂಸಾರ ಸಾಲದೆ ಸೊಸೆ ಕೆಲಸಕ್ಕೆ ಹೊರಡುತ್ತಾಳೆ. ಅವಳು ಯಾಕೆ ಹೊರಡಬೇಕಾಯಿತು ಎಂಬುದನ್ನು ಅರ್ಧ ಆ ಮನೆಯೇ ಹೇಳುತ್ತದೆ. ಮರುವರ್ಷದ ‘ಚಾರುಲತಾ’ದಲ್ಲಿ ಇದಕ್ಕೆ ಪೂರ್ತಿ ವಿರುದ್ಧ. 1880ರ ಹೊತ್ತಿನ ಸಿರಿವಂತರ ಮನೆ, ವಿಶಾಲವಾದ ಕೋಣೆಗಳು, ಮನೆಯಲ್ಲೇ ಗಂಡನ ಪತ್ರಿಕೆಯ ಅಚ್ಚುಕೂಟ. ಆದರೆ ಹೆಂಡತಿಗೆ ಮಾತನಾಡಲು ಒಬ್ಬರಿಲ್ಲ. ಚಿತ್ರದ ಮೊದಲಲ್ಲೇ ಅವಳು ಕಿಟಕಿಯಿಂದ ಕಿಟಕಿಗೆ ಹೋಗಿ, ಪಟ್ಟಿಗಳ ಸಂದಿನಿಂದ ದುರ್ಬೀನು ಹಿಡಿದು ಬೀದಿಯಲ್ಲಿ ಹೋಗುವವರನ್ನು ನೋಡುತ್ತಾಳೆ. ಮಾತೇ ಇಲ್ಲದೆ ಅವಳ ಒಂಟಿತನ ತಿಳಿಯುತ್ತದೆ. ಆ ಮನೆಯ ಒಳಭಾಗವೂ ಸ್ಟುಡಿಯೋದ ಸೆಟ್ಟು. ಒಂದು ವರ್ಷದ ಅಂತರದಲ್ಲಿ ಒಬ್ಬರೇ ಕಟ್ಟಿದ ಎರಡು ಮನೆಗಳಲ್ಲಿ ಒಂದು ಇಕ್ಕಟ್ಟಿನಿಂದ ಹಿಂಸೆ ಕೊಡುತ್ತದೆ, ಇನ್ನೊಂದು ವಿಶಾಲದಿಂದ. ಎಂಜಿನಿಯರಿಂಗ್ ಓದಿದ ನನಗೆ ಅಳತೆ ಎಂದರೆ ಅಡಿ, ಅಂಗುಲ. ಅಳತೆಯಿಂದ ಮನಸ್ಸನ್ನೂ ಹೇಳಬಹುದು ಎಂದು ತೋರಿಸಿದ್ದು ಈ ಎರಡು ಚಿತ್ರಗಳು.

1966ರ ‘ನಾಯಕ್’ ಹೆಚ್ಚು ಪಾಲು ಕಲ್ಕತ್ತಾದಿಂದ ದೆಹಲಿಗೆ ಹೋಗುವ ರೈಲಿನೊಳಗೇ ನಡೆಯುತ್ತದೆ. ಸಿನಿಮಾ ನಟನೊಬ್ಬ ಪ್ರಶಸ್ತಿ ತೆಗೆದುಕೊಳ್ಳಲು ಹೊರಟಿದ್ದಾನೆ. ಆ ಪಾತ್ರ ಮಾಡಿದವರು ಬಂಗಾಳದ ಜನಪ್ರಿಯ ನಟ ಉತ್ತಮ್ ಕುಮಾರ್. ಬೋಗಿ, ಓಡಾಡುವ ದಾರಿ, ಊಟದ ಡಬ್ಬಿ ಎಲ್ಲವನ್ನೂ ಬನ್ಸಿ ಸ್ಟುಡಿಯೋದಲ್ಲೇ ಕಟ್ಟಿದರು. ಬೋಗಿ ನಿಂತಲ್ಲೇ ನಿಂತಿತ್ತು, ಆದರೆ ನೋಡುವವರು ದೆಹಲಿಯವರೆಗೂ ಪ್ರಯಾಣ ಮಾಡಿದರು. ಹಾಗಂತ ಅವರಿಗೆ ಬರುತ್ತಿದ್ದದ್ದು ನಿಜದ ನಕಲು ಒಂದೇ ಅಲ್ಲ. 1969ರ ‘ಗೂಪಿ ಗಾಯ್ನೆ ಬಾಘಾ ಬಾಯ್ನೆ’ ಎಂಬ ಮಕ್ಕಳ ಕಥೆಗೆ ಶುಂಡಿ, ಹಲ್ಲಾ ಎಂಬ ಎರಡು ಕಾಲ್ಪನಿಕ ರಾಜ್ಯಗಳ ಅರಮನೆಗಳನ್ನೂ ಅವರೇ ಕಟ್ಟಿದರು. ಮೃಣಾಲ್ ಸೇನ್ ಅವರ ‘ಬಾಯಿಶೇ ಶ್ರಾವಣ್’, ‘ಆಕಾಶ್ ಕುಸುಮ್’ ಮುಂತಾದ ಚಿತ್ರಗಳಿಗೂ ಅವರದೇ ಕೆಲಸ.

ಇಷ್ಟೆಲ್ಲ ಮಾಡಿದವರಿಗೆ ದೇಶ ಏನು ಕೊಟ್ಟಿತು ಎಂದು ಕೇಳಿದರೆ ಉತ್ತರ ಚಿಕ್ಕದು. ಕಲಾ ನಿರ್ದೇಶನಕ್ಕೆ ಎಂದು ರಾಷ್ಟ್ರೀಯ ಚಲನಚಿತ್ರ ಪ್ರಶಸ್ತಿಗಳಲ್ಲಿ 1970ರ ದಶಕದ ಕೊನೆಯವರೆಗೂ ಒಂದು ವಿಭಾಗವೇ ಇರಲಿಲ್ಲ. ‘ಪಥೇರ್ ಪಾಂಚಾಲಿ’ಗೆ, ‘ಚಾರುಲತಾ’ಗೆ ರಾಷ್ಟ್ರಪತಿಗಳ ಚಿನ್ನದ ಪದಕ ಬಂತು. ಮನೆ ಕಟ್ಟಿದವರಿಗೆ ಬೇರೆಯಾಗಿ ಕೊಡಲು ಪದಕವೇ ಇರಲಿಲ್ಲ.

ನಾನು ಸಾಫ್ಟ್‌ವೇರ್ ಕೆಲಸದವನು. ನಮ್ಮ ಕೆಲಸವೂ ಸ್ವಲ್ಪ ಹಾಗೆಯೇ. ಫೋನಿನಲ್ಲಿ ಹಣ ಕಳುಹಿಸುವಾಗ ಅದು ಸರಿಯಾಗಿ ತಲುಪಿದ ದಿನ ಹಿಂದೆ ಕೂತು ಬರೆದವರ ನೆನಪು ಯಾರಿಗೂ ಬರುವುದಿಲ್ಲ, ಕೈಕೊಟ್ಟ ದಿನ ಎಲ್ಲರಿಗೂ ಬರುತ್ತದೆ. ಊರಿನಲ್ಲಿ ನೀರು ಬಿಡುವವರು, ಕರೆಂಟು ಲೈನ್ ನೋಡುವವರು, ಶಾಲೆಯಲ್ಲಿ ಬಿಸಿಯೂಟ ಮಾಡುವ ಅಕ್ಕಂದಿರು ಎಲ್ಲರದೂ ಇದೇ ಕಥೆ. ಕಾಣದಂತೆ ಇರುವುದೇ ಕೆಲಸ ಚೆನ್ನಾಗಿ ಆಗಿದೆ ಎನ್ನುವುದಕ್ಕೆ ಸಾಕ್ಷಿ. ಬನ್ಸಿ ಅವರ ಚರಿತ್ರೆ ನನ್ನನ್ನು ಹಿಡಿದು ನಿಲ್ಲಿಸಿದ್ದು ಇದಕ್ಕೇ.

1970ರ ದಶಕದ ಆರಂಭದಲ್ಲಿ ಅವರು ಬೊಂಬಾಯಿಗೆ ಹೋದರು. ಕಲ್ಕತ್ತಾದಲ್ಲಿ ಅವರ ಜೊತೆ ಸಹಾಯಕರಾಗಿ ಪಳಗಿದ ಅಶೋಕ್ ಬೋಸ್ ಅವರು ರೇ ಚಿತ್ರಗಳ ಕಲಾ ನಿರ್ದೇಶನ ವಹಿಸಿಕೊಂಡರು. ಗುರು ಹೋದ ಮೇಲೂ ಕೆಲಸ ನಿಲ್ಲಲಿಲ್ಲ ಎಂದರೆ ಗುರು ಚೆನ್ನಾಗಿ ಕಲಿಸಿದ್ದರು ಎಂದೇ ಅರ್ಥ. ಬೊಂಬಾಯಿಯಲ್ಲಿ ಹಣದ ಚಿತ್ರಗಳಿಗೂ ಕೆಲಸ ಮಾಡಿದರು, ಹೊಸ ಬಗೆಯ ಚಿತ್ರ ಮಾಡುತ್ತಿದ್ದ ಯುವಕರಿಗೂ ಜೊತೆಯಾದರು. ಅವತಾರ್ ಕೌಲ್ ಅವರ ‘27 ಡೌನ್’, ಶ್ಯಾಮ್ ಬೆನೆಗಲ್ ಅವರ ‘ಕಲಿಯುಗ್’ ಅಂಥವು. ಫಿಲ್ಮ್‌ಫೇರ್ ಪ್ರಶಸ್ತಿ ಮೂರು ಸಲ ಬಂತು, ‘ಸೀಮಾ’, ‘ದೋ ಝೂಟ್’ ಮತ್ತು ‘ಚಕ್ರ’ ಚಿತ್ರಗಳಿಗೆ. ಕೊನೆಯದು ಬೊಂಬಾಯಿಯ ಕೊಳೆಗೇರಿ ಬದುಕಿನ ಕಥೆ.

1977ರಲ್ಲಿ ರೇ ತಮ್ಮ ಮೊದಲ ಹಿಂದಿ–ಉರ್ದು ಕಥಾಚಿತ್ರ ‘ಶತರಂಜ್ ಕೇ ಖಿಲಾಡಿ’ ಮಾಡುವಾಗ ಹಳೆಯ ಗೆಳೆಯರು ಮತ್ತೆ ಸೇರಿದರು. ಪ್ರೇಮಚಂದರ ಕಥೆ, 1856ರ ಲಖನೌ. ಕಂಪನಿ ಸರ್ಕಾರ ರಾಜ್ಯವನ್ನೇ ನುಂಗುತ್ತಿರುವಾಗ ಇಬ್ಬರು ಶ್ರೀಮಂತರು ಚದುರಂಗದ ಹಾಸು ಬಿಟ್ಟು ಏಳುವುದಿಲ್ಲ. ಕಾಶ್ಮೀರದಲ್ಲಿ ಬೆಳೆದು ಬಂಗಾಳದ ಹಳ್ಳಿಮನೆ ಕಟ್ಟಿದವರು ಈಗ ಅವಧ್‌ನ ನವಾಬರ ಅರಮನೆ ಕಟ್ಟಿದರು.

1981ರಲ್ಲಿ ಅಪರ್ಣಾ ಸೇನ್ ಅವರ ಮೊದಲ ಚಿತ್ರ ‘36 ಚೌರಂಗಿ ಲೇನ್’ ಬಂತು. ನಮ್ಮ ಗುರುಗಳು ನೋಡಲೇಬೇಕಾದ ಚಿತ್ರ ಅದು. ಶಾಲೆಯಲ್ಲಿ ಷೇಕ್ಸ್‌ಪಿಯರ್ ಪಾಠ ಮಾಡುವ ವಯಸ್ಸಾದ ಆಂಗ್ಲೋ ಇಂಡಿಯನ್ ಮಿಸ್ ಒಬ್ಬರು, ಮನೆಯಲ್ಲಿ ಅವರು ಮತ್ತು ಒಂದು ಬೆಕ್ಕು. ಹಳೆಯ ವಿದ್ಯಾರ್ಥಿನಿಯೊಬ್ಬಳು ತನ್ನ ಗೆಳೆಯನೊಂದಿಗೆ ಬರುತ್ತಾಳೆ, ಒಂಟಿ ಮನೆಗೆ ಕೆಲವು ದಿನ ಜೀವ ಬರುತ್ತದೆ. ಅವರ ಕೆಲಸ ಮುಗಿದ ಮೇಲೆ ಬರುವುದು ನಿಲ್ಲುತ್ತದೆ. ಆ ಟೀಚರಮ್ಮನ ಪುಟ್ಟ ಫ್ಲಾಟಿನ ಮೇಜು, ಪರದೆ, ಹಳೆಯ ಫೋಟೋಗಳಲ್ಲಿ ಒಂದು ಇಡೀ ಜೀವನ ಕೂತಿದೆ. ಅದಕ್ಕೂ ಕಲಾ ನಿರ್ದೇಶಕರು ಬನ್ಸಿ.

ಅದೇ 1981ರಲ್ಲಿ ಅಮೆರಿಕಕ್ಕೆ ಹೋಗಿದ್ದಾಗ ಬನ್ಸಿ ಚಂದ್ರಗುಪ್ತರು ತೀರಿಕೊಂಡರು. ಆಗ ಅವರಿಗೆ ಐವತ್ತೇಳರ ಆಸುಪಾಸು. ಕೈತುಂಬ ಕೆಲಸ ಇದ್ದ ಕಾಲ. ಬೆನೆಗಲ್ ಅವರ ‘ಆರೋಹಣ್’, ಕುಮಾರ್ ಶಹಾನಿ ಅವರ ‘ತರಂಗ್’ ಚಿತ್ರಗಳು ಬಿಡುಗಡೆಯಾದದ್ದು ಅವರು ಹೋದ ಮೇಲೆ.

ಅವರು ತೆರೆದ ದಾರಿ ಕನ್ನಡಕ್ಕೂ ಬಂದಿದೆ. 1970ರ ‘ಸಂಸ್ಕಾರ’ ಚಿತ್ರವನ್ನು ಶೃಂಗೇರಿಯ ಹತ್ತಿರದ ವೈಕುಂಠಪುರದ ನಿಜವಾದ ಅಗ್ರಹಾರದಲ್ಲಿ ತೆಗೆದರು. ಕಲೆಯ ಹೊಣೆ ಹೊತ್ತವರು ಚಿತ್ರಕಲಾವಿದ ಎಸ್.ಜಿ. ವಾಸುದೇವ್. ಜಿ.ವಿ. ಅಯ್ಯರ್ ಅವರು 1975ರಲ್ಲಿ ‘ಹಂಸಗೀತೆ’ ಮಾಡುವಾಗ ಪಿ. ಕೃಷ್ಣಮೂರ್ತಿ ಎಂಬ ಕಲಾವಿದರನ್ನು ಕರೆತಂದರು. ಅದೇ ಜೋಡಿಯ ‘ಮಧ್ವಾಚಾರ್ಯ’ ಚಿತ್ರಕ್ಕೆ ಮುಂದೆ ಕಲಾ ನಿರ್ದೇಶನದ ರಾಷ್ಟ್ರೀಯ ಪ್ರಶಸ್ತಿ ಬಂತು. ಬನ್ಸಿ ಅವರ ಕಲ್ಕತ್ತಾದ ಕಾಲದಲ್ಲಿ ಇಲ್ಲದಿದ್ದ ಪದಕ ಕನ್ನಡದ ಒಂದು ಚಿತ್ರಕ್ಕೆ ಸಿಕ್ಕಿತು.

ಈ ಚರಿತ್ರೆಯನ್ನು ನಮ್ಮ ಶಾಲೆಯ ಸಂಚಿಕೆಯಲ್ಲೇ ಯಾಕೆ ಬರೆಯಬೇಕಿತ್ತು ಎಂದು ಕೇಳುವವರಿಗೆ ನನ್ನ ಉತ್ತರ ಇದು. ಬೋರಾಲ್ ಕೂಡ ಒಂದು ದೊಡ್ಡ ನಗರದ ಅಂಚಿನಲ್ಲಿದ್ದ ಹಳ್ಳಿ. ಅಲ್ಲಿಯ ಒಂದು ಹಳೆಯ ಮನೆ, ಅದನ್ನು ಕಣ್ಣಿಟ್ಟು ನೋಡಿದವರೊಬ್ಬರು ಇದ್ದದ್ದರಿಂದ ಇಂದಿಗೂ ತೆರೆಯ ಮೇಲೆ ನಿಂತಿದೆ. ಜಡಿಗೇನಹಳ್ಳಿಯೂ ಈಗ ಅಂಥದೇ ಅಂಚಿನಲ್ಲಿದೆ. ನಮ್ಮ ಕಡೆಗೆ ಎಕ್ಸ್‌ಪ್ರೆಸ್ ಹೆದ್ದಾರಿ ಬಂದಿದೆ, ರಾಗಿ ಹೊಲಗಳಲ್ಲಿ ಲೇಔಟಿನ ಕಲ್ಲು ನೆಟ್ಟಿದ್ದಾರೆ. ಜಗಲಿಯ ಮನೆ, ಮಾಲೂರು ಹೆಂಚಿನ ಮಾಡು, ಹೊಗೆ ಹಿಡಿದ ತೊಲೆ, ಸಗಣಿ ಸಾರಿಸಿದ ನಡುಮನೆ, ಹಿತ್ತಲಿನ ಒರಳುಕಲ್ಲು, ರೇಷ್ಮೆಹುಳುವಿನ ತಟ್ಟೆ ಜೋಡಿಸಿದ ಪಡಸಾಲೆ, ಗೋಡೆಗೆ ಒರಗಿಸಿದ ಚಂದ್ರಂಕಿ ಇವೆಲ್ಲ ವರ್ಷ ವರ್ಷವೂ ಕಡಿಮೆಯಾಗುತ್ತಿವೆ. ಹಳೆ ಮನೆ ಕೆಡವಬೇಡಿ ಎಂದು ನಾನು ಹೇಳುತ್ತಿಲ್ಲ. ಸೋರುವ ಮಾಡಿನ ಕೆಳಗೆ ಮಲಗಿದವರಿಗೆ ಆರ್‌ಸಿಸಿ ಮನೆಯ ಸುಖ ಏನೆಂದು ಗೊತ್ತು. ಆದರೆ ಕೆಡವುವ ಮುಂಚೆ ಒಮ್ಮೆ ಕಣ್ಣಿಟ್ಟು ನೋಡಬಹುದು.

ಐವತ್ತು ವರ್ಷದ ನಂತರ ಯಾರಾದರೂ ನಮ್ಮ ಅಜ್ಜಿಯರ ಕಾಲದ ಕಥೆಯನ್ನು ಸಿನಿಮಾ ಮಾಡಲು ಬಂದು, ಹೊಸಕೋಟೆ ಸೀಮೆಯ ಮನೆ ಹೇಗಿತ್ತು, ಹೊಸ್ತಿಲು ಎಷ್ಟು ಎತ್ತರ, ದೀಪದ ಗೂಡು ಎಲ್ಲಿತ್ತು ಎಂದು ಕೇಳಿದರೆ ಹೇಳುವವರು ಇರಬೇಕು. ಅದಕ್ಕೆ ಶಾಲೆಗೆ ನನ್ನದೊಂದು ಸಲಹೆ. ಎಂಟು, ಒಂಬತ್ತನೇ ತರಗತಿಯ ಮಕ್ಕಳು ತಮ್ಮ ತಮ್ಮ ಊರಿನಲ್ಲಿ ಉಳಿದಿರುವ ಹಳೆಯ ಮನೆಯೊಂದನ್ನು ಟೇಪು ಹಿಡಿದು ಅಳೆಯಲಿ. ಗಣಿತದ ಮೇಷ್ಟ್ರು ನಕ್ಷೆ ಬರೆಯಲು ಕಲಿಸಲಿ, ಚಿತ್ರಕಲೆಯಲ್ಲಿ ಕೈ ಇರುವ ಮಕ್ಕಳು ಬಾಗಿಲು, ಕಂಬ, ಕಿಟಕಿ ಬರೆಯಲಿ. ಪ್ರತಿಯೊಂದು ವಸ್ತುವಿಗೂ ಮನೆಯ ಹಿರಿಯರು ಏನೆಂದು ಕರೆಯುತ್ತಿದ್ದರೋ ಅದೇ ಹೆಸರನ್ನು ಕೆಳಗೆ ಬರೆಯಲಿ. ಒಂದು ವರ್ಷದಲ್ಲಿ ಮೂವತ್ತು ಮನೆ ಆದರೂ ಸಾಕು. ಅದನ್ನೆಲ್ಲ ಕಂಪ್ಯೂಟರಿಗೆ ಹಾಕಿ ಜೋಪಾನ ಮಾಡುವ ಕೆಲಸವನ್ನು ನಮ್ಮ ಬ್ಯಾಚಿನ ಗೆಳೆಯರ ಜೊತೆ ಸೇರಿ ನಾನು ಮಾಡಿಕೊಡುತ್ತೇನೆ. ಶುರುಮಾಡಲು ಬೇಕಾಗಿರುವುದು ಒಂದು ಟೇಪು, ಒಂದು ನೋಟ್‌ಬುಕ್ಕು, ಭಾನುವಾರದ ಅರ್ಧ ದಿನ.